ಸೆರೆಮನೆಯಲ್ಲಿ ಉಳಿದ ಹೆಸರುಗಳು

"ಮೊದಲು ಕೂಲಿ ಹೆಚ್ಚಲಿ, ಅಕ್ಕಿ ಅಗ್ಗವಾಗಲಿ. ಹಾಡು, ನಾಟಕ, ಚಿತ್ರ ಎಲ್ಲ ಉಳ್ಳವರ ಶೋಕಿ" ಎಂದು ಕಾರ್ಗಲ್ಲಿನ ಕಾರ್ಮಿಕ ಗೆಳೆಯರೊಬ್ಬರು ನಮ್ಮೊಡನೆ ವಾದಿಸಿದರು. ಹೊಟ್ಟೆಯ ಮಾತು ಸುಳ್ಳಲ್ಲ. ಆದರೆ ಕಲೆ ಬರಿಯ ಶೋಕಿಯಾಗಿದ್ದರೆ ದಬ್ಬಾಳಿಕೆಯವರು ಕಲಾವಿದರಿಗೆ ಅಂಜುವುದೇಕೆ?

ಸ್ನೇಹಲತಾ ರೆಡ್ಡಿಯವರನ್ನು ನೆನೆಯೋಣ. ಅವರು ನಟಿ, ಲೋಹಿಯಾ ವಿಚಾರಕ್ಕೆ ಒಲಿದ ಸಮಾಜವಾದಿ. ನಮ್ಮ ತೀರ್ಥಹಳ್ಳಿ ಸೀಮೆಯ ಅನಂತಮೂರ್ತಿಯವರ ಕಾದಂಬರಿಯಿಂದ 1970ರಲ್ಲಿ ತಯಾರಾದ 'ಸಂಸ್ಕಾರ' ಚಿತ್ರದ ಚಂದ್ರಿ ಅವರೇ. ತುರ್ತು ಪರಿಸ್ಥಿತಿಯಲ್ಲಿ, 1976ರ ಮೇ ತಿಂಗಳಲ್ಲಿ, ಬರೋಡಾ ಡೈನಮೈಟ್ ಮೊಕದ್ದಮೆಯ ನೆಪದಿಂದ ಅವರನ್ನು ಬಂಧಿಸಿದರು. ಕೊನೆಗೆ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ. ಆದರೂ ಮೀಸಾ ಕಾಯಿದೆಯಡಿ ಬೆಂಗಳೂರಿನ ಸೆರೆಮನೆಯಲ್ಲಿ ಎಂಟು ತಿಂಗಳು ಕೂಡಿಹಾಕಿದರು. ಉಬ್ಬಸ ಉಸಿರು ಕಟ್ಟಿಸುತ್ತಿದ್ದರೂ ಅವರು ಬಡ ಹೆಣ್ಣು ಕೈದಿಗಳ ಮೇಲಿನ ಹೊಡೆತವನ್ನು ವಿರೋಧಿಸಿದರು, ಒಳ್ಳೆಯ ಊಟಕ್ಕಾಗಿ ಹೋರಾಡಿದರು, ದಿನಚರಿ ಬರೆದರು. 1977ರ ಜನವರಿ 15ರಂದು ಪೆರೋಲಿನ ಮೇಲೆ ಹೊರಬಂದವರು 20ರಂದು ತೀರಿಕೊಂಡರು. ದಿನಚರಿ ಅದೇ ವರ್ಷ ಅಚ್ಚಾಯಿತು. ಸರ್ಕಾರ ಮುಚ್ಚಿಟ್ಟದ್ದನ್ನು ಅದು ತೆರೆದಿಟ್ಟಿತು.

ಇಂಥದೇ ಕೆಲಸವನ್ನು ಎರಡನೆಯ ಮಹಾಯುದ್ಧದಲ್ಲಿ ಫ್ರೀಡಲ್ ಡಿಕ್ಕರ್-ಬ್ರಾಂಡೈಸ್ ಎಂಬ ಯೆಹೂದಿ ಚಿತ್ರಕಲಾವಿದೆ ಮಾಡಿದ್ದರು. 1942ರ ಡಿಸೆಂಬರಿನಲ್ಲಿ ನಾಜಿಗಳು ಅವರನ್ನು ಟೆರೆಜಿನ್ ಬಂಧನ ಶಿಬಿರಕ್ಕೆ ತಳ್ಳಿದರು. ಅಲ್ಲಿನ ಮಕ್ಕಳಿಗೆ ಅವರು ಚಿತ್ರ ಕಲಿಸಿದರು. ಚಿತ್ರದ ಮೇಲೆ ತಮ್ಮ ತಮ್ಮ ಹೆಸರು ಬರೆಯಲು ಹೇಳಿದರು. ಮನುಷ್ಯರನ್ನು ಬರಿಯ ಅಂಕಿಯಾಗಿ ಎಣಿಸುತ್ತಿದ್ದ ಶಿಬಿರದಲ್ಲಿ ಹೆಸರು ಬರೆಯುವುದೇ ಪ್ರತಿಭಟನೆ. 1944ರ ಅಕ್ಟೋಬರಿನಲ್ಲಿ ಆಶ್ವಿಟ್ಸ್‌ನಲ್ಲಿ ಅವರನ್ನು ಕೊಂದರು. ಆ ಮಕ್ಕಳಲ್ಲಿ ಬಹುಪಾಲು ಬದುಕಲಿಲ್ಲ. ಎರಡು ಪೆಟ್ಟಿಗೆಗಳಲ್ಲಿ ಬಚ್ಚಿಟ್ಟ ಸುಮಾರು 4,500 ಚಿತ್ರಗಳು ಮಾತ್ರ ಉಳಿದವು, ಹೆಸರುಗಳ ಸಮೇತ.

ಬಂಧುಗಳೇ, 1951ರಲ್ಲಿ ನಮ್ಮ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿದಾರರು ಸತ್ಯಾಗ್ರಹ ಹೂಡಿ ಜೈಲು ತುಂಬಿದರು. ಲೋಹಿಯಾರೂ ಅಲ್ಲಿ ಬಂಧಿತರಾದರು. ಲೋಹಿಯಾರ ಹೆಸರು ನಮಗೆಲ್ಲ ಗೊತ್ತು. ಜೈಲಿಗೆ ಹೋದ ಗೇಣಿದಾರರಲ್ಲಿ ಹತ್ತು ಮಂದಿಯ ಹೆಸರನ್ನು ನಮ್ಮಲ್ಲಿ ಎಷ್ಟು ಜನ ಹೇಳಬಲ್ಲರು? ನಾವೂ ಇದರಲ್ಲಿ ತಪ್ಪಿತಸ್ಥರೇ. ಭಾಷಣ ಮಾಡಿದೆವು, ಬರೆದಿಡಲಿಲ್ಲ.

ಆದ್ದರಿಂದ ನಾವು ಕೇಳುವುದು ಇಷ್ಟೆ. ಅಂಗಡಿಯ ಗೆಳೆಯರು ಒಂದೊಂದು ರೀಮು ಕಾಗದ ಕೊಡಲಿ. ಮಿಲ್ಲಿನ ಗೆಳೆಯರು ರಜೆಯ ದಿನ ಮಕ್ಕಳನ್ನು ಕರೆದುಕೊಂಡು ಆ ಮನೆಗಳಿಗೆ ಹೋಗಲಿ. ಹಿರಿಯರು ಹೇಳಿದ್ದನ್ನು ಬರೆಯಲಿ, ಮಕ್ಕಳು ಚಿತ್ರ ಬಿಡಿಸಲಿ. ಕೂಲಿಯ ಹೋರಾಟ ನಿಲ್ಲಬೇಕಿಲ್ಲ. ಆದರೆ ಹೋರಾಡಿದವರ ಹೆಸರನ್ನೇ ಕಳೆದುಕೊಂಡರೆ, ನಾಳೆ ಆಳುವವರು ಹೋರಾಟವೇ ನಡೆಯಲಿಲ್ಲವೆಂದಾರು.