ಹತ್ತು ಸೆಕೆಂಡಿನ ‘ಗೈರುಹಾಜರಿ’

ತರಗತಿಯಲ್ಲಿ ಮಗ್ಗಿ ಒಪ್ಪಿಸುತ್ತಿರುವ ಹುಡುಗಿ ‘ಏಳೆರಡ್ಲೆ ಹದಿನಾಲ್ಕು’ ಎಂದವಳು ತಟ್ಟನೆ ನಿಂತುಬಿಡುತ್ತಾಳೆ. ಕಣ್ಣು ತೆರೆದೇ ಇದೆ, ನೋಟ ಮಾತ್ರ ಎಲ್ಲೋ. ಹತ್ತು ಸೆಕೆಂಡು ಕಳೆದ ಮೇಲೆ ಏನೂ ಆಗದವಳಂತೆ ಮುಂದುವರಿಸುತ್ತಾಳೆ. ‘ಪಾಠದ ಮೇಲೆ ಗಮನವಿಲ್ಲ’ ಎಂದು ಮೇಷ್ಟ್ರು ಗದರುತ್ತಾರೆ. ಮನೆಯಲ್ಲಿ ‘ಸೋಮಾರಿ’ ಎಂಬ ಬಿರುದು. ಆದರೆ ಇದು ಅಪಸ್ಮಾರದ ಒಂದು ಬಗೆಯೂ ಇರಬಹುದು. ಕೈಕಾಲು ಸೆಟೆದು ಬಿದ್ದರಷ್ಟೇ ಮೂರ್ಛೆ ರೋಗ ಎಂದುಕೊಂಡವರಿಗೆ ಇದು ಹೊಳೆಯುವುದೇ ಇಲ್ಲ.

ಗಮನ ತಪ್ಪಿದ್ದಕ್ಕೂ ಪ್ರಜ್ಞೆ ತಪ್ಪಿದ್ದಕ್ಕೂ ಇರುವ ವ್ಯತ್ಯಾಸ ತಿಳಿಯುವುದು ಹೇಗೆ? ಇಲ್ಲಿ ನೆರವಿಗೆ ಬರುವುದು ಇಇಜಿ, ಅಂದರೆ ಎಲೆಕ್ಟ್ರೋಎನ್‌ಸೆಫಲೋಗ್ರಾಮ್. ನಮ್ಮ ಮಿದುಳಿನ ನರಕೋಶಗಳು ವಿದ್ಯುತ್ತಿನ ಮೂಲಕವೇ ಮಾತಾಡಿಕೊಳ್ಳುತ್ತವೆ. ಲಕ್ಷಾಂತರ ಕೋಶಗಳು ಒಟ್ಟಾಗಿ ದನಿಗೂಡಿಸಿದಾಗ ಅದರ ಕ್ಷೀಣ ಸುಳಿವು ನೆತ್ತಿಯ ಚರ್ಮದವರೆಗೂ ಬರುತ್ತದೆ. ಎಷ್ಟು ಕ್ಷೀಣ ಗೊತ್ತೆ? ಸುಮಾರು 50 ಮೈಕ್ರೊವೋಲ್ಟ್. ಟಾರ್ಚಿಗೆ ಹಾಕುವ ಒಂದೂವರೆ ವೋಲ್ಟಿನ ಸೆಲ್ಲಿನ ಮೂವತ್ತು ಸಾವಿರದಲ್ಲೊಂದು ಪಾಲು!

ಮನುಷ್ಯರಲ್ಲಿ ಇದನ್ನು ಮೊದಲು ದಾಖಲಿಸಿದವನು ಜರ್ಮನಿಯ ಯೇನಾ ನಗರದ ಮನೋವೈದ್ಯ ಹಾನ್ಸ್ ಬರ್ಗರ್, 1924ರಲ್ಲಿ. ಒಬ್ಬರ ಮನಸ್ಸಿನ ಮಾತು ಇನ್ನೊಬ್ಬರಿಗೆ ತಲುಪುವ ಗುಟ್ಟೇನು ಎಂದು ಹುಡುಕಹೊರಟ ಆತನಿಗೆ ಸಿಕ್ಕಿದ್ದು ಬೇರೆಯೇ. ಕಣ್ಣು ಮುಚ್ಚಿ ಸುಮ್ಮನೆ ಕುಳಿತಾಗ ಸೆಕೆಂಡಿಗೆ ಹತ್ತರಂತೆ ಏಳುವ ಅಲೆಗಳು. ಕಣ್ಣು ತೆರೆದೊಡನೆ ಮಾಯ. ಇವೇ ಆಲ್ಫಾ ಅಲೆಗಳು. ಐದು ವರ್ಷ ಕಾದು 1929ರಲ್ಲಿ ಪ್ರಕಟಿಸಿದರೂ ಹಲವರು ನಂಬಲಿಲ್ಲ. 1934ರಲ್ಲಿ ಕೇಂಬ್ರಿಜ್‌ನ ಏಡ್ರಿಯನ್ ಮತ್ತು ಮ್ಯಾಥ್ಯೂಸ್ ಅದೇ ಪ್ರಯೋಗ ಮಾಡಿ ತೋರಿಸಿದ ಮೇಲೆ ಅನುಮಾನ ಕರಗಿತು. ಮರುವರ್ಷವೇ ಅಮೆರಿಕದ ಗಿಬ್ಸ್, ಡೇವಿಸ್, ಲೆನಾಕ್ಸ್ ಎಂಬ ಮೂವರು, ಇಂಥ ‘ಗೈರುಹಾಜರಿ’ಯ ಹೊತ್ತಿನಲ್ಲಿ ಸೆಕೆಂಡಿಗೆ ಮೂರರಂತೆ ಮೊನೆಯೂ ಅಲೆಯೂ ಜೊತೆಯಾಗಿ ಏಳುವುದನ್ನು ತೋರಿಸಿದರು. ವೈದ್ಯರು ಇಂದಿಗೂ ಹುಡುಕುವುದು ಆ ಗುರುತನ್ನೇ.

ಪರೀಕ್ಷೆಗೆ ಹೆದರಬೇಕಿಲ್ಲ. ತಲೆಗೆ ಸ್ನಾನ ಮಾಡಿಸಿ, ಎಣ್ಣೆ ಹಚ್ಚದೆ ಕರೆದೊಯ್ದರೆ ಸಾಕು. ಇಪ್ಪತ್ತರಷ್ಟು ಪುಟ್ಟ ಲೋಹದ ಬಿಲ್ಲೆಗಳನ್ನು ಅಂಟುಲೇಪದಿಂದ ನೆತ್ತಿಗೆ ಕೂರಿಸುತ್ತಾರೆ. ಇದರಿಂದ ಷಾಕ್ ಹೊಡೆಯುವುದಿಲ್ಲ. ಯಂತ್ರ ವಿದ್ಯುತ್ತನ್ನು ಒಳಗೆ ಕಳಿಸುವುದಿಲ್ಲ, ಹೊರಬಂದದ್ದನ್ನು ಅಳೆಯುತ್ತದೆ, ಅಷ್ಟೆ. ನಡುವೆ ಮೂರು ನಿಮಿಷ ಜೋರಾಗಿ ಉಸಿರಾಡಿಸುತ್ತಾರೆ. ಪುಟ್ಟ ಮಕ್ಕಳಾದರೆ ಕಾಗದದ ಗಿರಗಿಟ್ಲೆ ಊದಿಸುವುದೂ ಉಂಟು. ಅಡಗಿರುವ ದೋಷ ಆಗ ಹೊರಬೀಳುವ ಸಾಧ್ಯತೆ ಹೆಚ್ಚು. ಇದನ್ನು ಮನೆಯಲ್ಲಿ ಪ್ರಯೋಗಿಸಿ ನೋಡಬೇಡಿ.

ನಿದ್ರೆಯ ಹಂತಗಳನ್ನು ಗುರುತಿಸಲು, ಶಸ್ತ್ರಚಿಕಿತ್ಸೆಯಲ್ಲಿ ಅರಿವಳಿಕೆಯ ಆಳ ತಿಳಿಯಲು ಕೂಡ ಇಇಜಿ ಬೇಕು. ಆದರೆ ಅದಕ್ಕೂ ಮಿತಿಯುಂಟು. ಒಮ್ಮೆ ತೆಗೆದ ಇಇಜಿ ಸರಿಯಿದ್ದ ಮಾತ್ರಕ್ಕೆ ಅಪಸ್ಮಾರವಿಲ್ಲ ಎನ್ನಲಾಗದು. ಅದು ಬುದ್ಧಿಯನ್ನು ಅಳೆಯುವುದಿಲ್ಲ, ಪರೀಕ್ಷೆಯ ಅಂಕ ಹೇಳುವುದಿಲ್ಲ, ಬರ್ಗರ್ ಬಯಸಿದಂತೆ ಮನಸ್ಸನ್ನು ಓದುವುದೂ ಇಲ್ಲ.

ತಂದೆತಾಯಿಯರು, ಶಿಕ್ಷಕರು ಮಾಡಬಹುದಾದ ಸುಲಭದ ಕೆಲಸವೊಂದಿದೆ. ಮಗು ಹೀಗೆ ಮಂಕಾದಾಗ ಹೆಸರು ಕರೆಯಿರಿ, ಭುಜ ಮುಟ್ಟಿ. ಹಗಲುಗನಸಾದರೆ ಎಚ್ಚೆತ್ತು ನೋಡುತ್ತದೆ. ಎಚ್ಚರಗೊಳ್ಳದೆ ತಾನಾಗಿ ಮರಳಿದರೆ, ದಿನಕ್ಕೆ ಹಲವು ಬಾರಿ ಹೀಗಾಗುತ್ತಿದ್ದರೆ, ಮೊಬೈಲಿನಲ್ಲಿ ಚಿತ್ರೀಕರಿಸಿಕೊಂಡು ವೈದ್ಯರಿಗೆ ತೋರಿಸಿ. ಈ ಬಗೆಯ ಅಪಸ್ಮಾರ ಮಾತ್ರೆಗಳಿಂದ ಹತೋಟಿಗೆ ಬರುವುದೇ ಹೆಚ್ಚು. ಅನೇಕ ಮಕ್ಕಳಲ್ಲಿ ಹರೆಯ ಬರುವ ವೇಳೆಗೆ ನಿಂತೂ ಹೋಗುತ್ತದೆ. ಆದರೆ ಮಗುವಿಗೆ ಅಂಟಿಸಿದ ‘ದಡ್ಡಿ’ ಎಂಬ ಹೆಸರು ಅಷ್ಟು ಸುಲಭವಾಗಿ ಹೋಗುವುದಿಲ್ಲ.