ಕಾರ್ನಾಡರು ಸಿನಿಮಾಕ್ಕೆ ಹೋಗಿ ಕೆಟ್ಟರಂತೆ!

ಗಿರೀಶ ಕಾರ್ನಾಡರು ನಾಟಕ ಬರೆದುಕೊಂಡು ಇದ್ದಿದ್ದರೆ ಚೆನ್ನಾಗಿತ್ತು, ಸಿನಿಮಾದ ಬಣ್ಣಕ್ಕೆ ಮರುಳಾಗಿ ಕೆಟ್ಟರು ಎಂಬ ಮಾತನ್ನು ನಮ್ಮ ಹಳಿಯಾಳ, ಮುಂಡಗೋಡದ ಸಾಹಿತ್ಯ ಸಭೆಗಳಲ್ಲಿ ಕೇಳಿ ಕೇಳಿ ಸಾಕಾಗಿದೆ. ಮೊನ್ನೆ ಮತ್ತೆ ಅದೇ. ಹೊರಗಿಂದ ಬಂದ ಅತಿಥಿ, ಹೆಗಲ ಮೇಲೆ ಶಾಲು, ಮುಂದಿನ ಸಾಲಿನವರ ತಲೆದೂಗು, ಕೊನೆಗೆ ಚಹಾ-ಚೂಡಾ.

ಹೀಗೆನ್ನುವವರಿಗೆ ಉತ್ತರವಾಗಿ ಒಂದೇ ಇಸವಿ ಸಾಕು: 1971. ‘ಹಯವದನ’ ಬಂದ ವರ್ಷ. ಭೈರಪ್ಪನವರ ಕಾದಂಬರಿ ಹಿಡಿದು ಬಿ.ವಿ. ಕಾರಂತರ ಜೊತೆ ನಿರ್ದೇಶಿಸಿದ ‘ವಂಶವೃಕ್ಷ’ಕ್ಕೆ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಸಿಕ್ಕಿದ್ದೂ ಅದೇ ಸಾಲಿಗೆ. ಹಾಗಾದರೆ ಸಿನಿಮಾ ನುಂಗಿದ ನಾಟಕ ಯಾವುದು ಸ್ವಾಮಿ? ‘ನಾಗಮಂಡಲ’ವೇ? ‘ತಲೆದಂಡ’ವೇ? ‘ಅಗ್ನಿ ಮತ್ತು ಮಳೆ’ಯೇ? ಅವೆಲ್ಲ ‘ಕೆಟ್ಟ’ ಮೇಲೆ ಬರೆದವು. 1971 ಎಂದು ಗೋಡೆಯ ಮೇಲೆ ಬರೆದಿಟ್ಟುಕೊಳ್ಳಲಿ.

ಇನ್ನೊಂದು ದೂರು: ಕಾರ್ನಾಡರ ‘ಕಾನೂರು ಹೆಗ್ಗಡಿತಿ’ ಚಿತ್ರದಲ್ಲಿ ಕುವೆಂಪು ಪೂರ್ತಿ ಇಲ್ಲವಂತೆ. ತೆರೆಯ ಮೇಲೆ ಪುಟ ಮಗುಚಬೇಕಿತ್ತೇ? ಹೀಗೆ ದೂರುವವರು ಆ ಕಾದಂಬರಿಯನ್ನು ಕೊನೆಯವರೆಗೆ ಓದಿದ್ದಾರೆ ಎಂದು ನಾನಂತೂ ನಂಬುವುದಿಲ್ಲ.

ಕಾರ್ನಾಡರು ಬೆಳೆದದ್ದು ಪಕ್ಕದ ಶಿರಸಿಯಲ್ಲಿ. ಮನೆಮಾತು ಕೊಂಕಣಿ, ಬರೆದದ್ದು ಕನ್ನಡ. ಜೋಯಿಡಾದ ಮಕ್ಕಳಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಯಕ್ಷಗಾನ, ಕಂಪನಿ ನಾಟಕ ನೋಡಿದ ಆ ಕಣ್ಣಿಗೆ ಕತೆ ಹಾಳೆಯ ಮೇಲಷ್ಟೇ ಇರುವ ವಸ್ತುವಾಗಿರಲಿಲ್ಲ. ಶ್ರೀಕೃಷ್ಣ ಆಲನಹಳ್ಳಿಯವರ ‘ಕಾಡು’ ಕಾದಂಬರಿಯನ್ನು 1973ರಲ್ಲಿ ತೆರೆಗೆ ತಂದರು. ಊರೂರ ಹಗೆಯನ್ನು ಕಿಟ್ಟಿ ಎಂಬ ಹುಡುಗನ ಕಣ್ಣಿಂದ ತೋರಿಸಿದರು. 1992ರ ಹಿಂದಿ ಚಿತ್ರ ‘ಚೆಲುವಿ’ಯ ಬೇರು ನಮ್ಮದೇ ಜನಪದ ಕತೆ: ಹುಡುಗಿ ಹೂವಿನ ಮರವಾಗುತ್ತಾಳೆ, ಹೂವಿನಾಸೆಯವರು ಕೊಂಬೆ ಮುರಿಯುತ್ತಾರೆ, ಚಿತ್ರದಲ್ಲಂತೂ ಅವಳು ಮೊದಲಿನಂತೆ ಮನುಷ್ಯಳಾಗಲು ಆಗುವುದೇ ಇಲ್ಲ. ಮರ ಸಾಗಿಸುವ ಲಾರಿಗಳನ್ನು ನೋಡಿಯೇ ದೊಡ್ಡವರಾದ ದಾಂಡೇಲಿಯವರಿಗೆ ಇದು ಬರೀ ಕತೆಯೇ?

ನಮ್ಮ ಕಡೆಗೂ ಸಿನಿಮಾದವರು ಬರುತ್ತಾರೆ. ಬರಲಿ ಬಿಡಿ. ಕಾಳಿ ನದಿಯ ದಡದಲ್ಲಿ ಒಂದು ಹಾಡು, ರಿಸಾರ್ಟಿನಲ್ಲಿ ಊಟ, ವಾಪಸು ಬೆಂಗಳೂರು. ಸಿದ್ದಿಗಳ ಡಮಾಮಿ ಕುಣಿತ ಬೇಕು, ಸಿದ್ದಿಗಳ ಬದುಕು ಬೇಡ. ಕಾಳಿಗೆ ಕಟ್ಟಿದ ಸೂಪಾ ಅಣೆಕಟ್ಟೆಗೆ ಇಡೀ ಸೂಪಾ ಪೇಟೆ ಮುಳುಗಿತು, ಜನ ಗಂಟುಮೂಟೆ ಕಟ್ಟಿ ರಾಮನಗರ ಸೇರಿದರು. ಶರಾವತಿಯ ಮುಳುಗಡೆಯ ಬಗ್ಗೆ ನಾ. ಡಿಸೋಜ ಬರೆದರು, ಅದನ್ನೇ ಹಿಡಿದು ಗಿರೀಶ ಕಾಸರವಳ್ಳಿ 2002ರಲ್ಲಿ ‘ದ್ವೀಪ’ ಮಾಡಿದರು. ಕಾಳಿಯ ಮುಳುಗಡೆಗೆ ಅಂಥ ಜೋಡಿ ಎಲ್ಲಿ? ಬರೆಯುವ ಹುಡುಗರಿಗೆ ಕ್ಯಾಮೆರಾ ಮುಟ್ಟಿದರೆ ಮೈಲಿಗೆ ಎಂದು ವೇದಿಕೆಯಿಂದ ಬೋಧಿಸುತ್ತಿದ್ದರೆ ಎಲ್ಲಿಂದ ಬರಬೇಕು?

ಸಭೆ ಮುಗಿದ ಮೇಲೆ ಅತಿಥಿಗಳ ಹತ್ತಿರ ಹೋಗಿ ಕೇಳಿದೆ: “ಸರ್, ‘ಕಾಡು’ ನೋಡೀರೇನ್ರಿ?”

“ನೋಡದ ಏನ್ರಿ! ವರ್ಷಕ್ಕ ಎರಡ ಸಲ ದಾಂಡೇಲಿಗೆ ಬರ್ತೇನಲ್ಲ” ಎಂದರು.