ಆಟದ ಡ್ರೈವು, ತೋಟದ ಡ್ರೈವು

ಮೊನ್ನೆ ಆಫೀಸ್ ಕ್ಯಾಂಟೀನಿನಲ್ಲಿ ನಮ್ಮ ಟೀಮಿನ ಹೊಸ ಹುಡುಗ ಕೇಳಿದ. "ಲ್ಯಾಪ್‌ಟಾಪ್ ಫುಲ್ ಆಗಿದೆ. ಗೇಮನ್ನು ಎಕ್ಸ್‌ಟರ್ನಲ್ ಡ್ರೈವಿಗೆ ಹಾಕಿದ್ರೆ ಓಡುತ್ತಾ?" ಓಡುತ್ತೆ ಅಂದೆ. ಅಷ್ಟಕ್ಕೇ ನಿಲ್ಲಿಸಿದರೆ ಅರ್ಧ ಉತ್ತರ ಕೊಟ್ಟ ಹಾಗೆ. ಉಳಿದರ್ಧವನ್ನು ನಾನು ಕಲಿತದ್ದು ತಮ್ಮನ ಖರ್ಚಿನಲ್ಲಿ. ಅವನ ದುಡ್ಡಿನ ಖರ್ಚಲ್ಲ, ಅದಕ್ಕಿಂತ ಸ್ವಲ್ಪ ದೊಡ್ಡದು. ಅದಕ್ಕೇ ಈ ಸಲ ಅದನ್ನೇ ಬರೆಯುತ್ತಿದ್ದೇನೆ.

ಮೊದಲು ಜಾಗದ ಲೆಕ್ಕ. 512 ಜಿಬಿ ಅಂತ ತಗೊಂಡ ಲ್ಯಾಪ್‌ಟಾಪನ್ನು ವಿಂಡೋಸ್ 476 ಅಂತ ತೋರಿಸುತ್ತದೆ. ಅಂಗಡಿಯವರು ಮೋಸ ಮಾಡಿದ್ದಲ್ಲ. ಕಂಪನಿಗಳು ಎಣಿಸುವುದು ಸಾವಿರದ ಲೆಕ್ಕದಲ್ಲಿ, ವಿಂಡೋಸ್ ಎಣಿಸುವುದು 1024ರ ಲೆಕ್ಕದಲ್ಲಿ. ಅದರಲ್ಲಿ ವಿಂಡೋಸಿನ ಪಾಲು, ಆಫೀಸ್ ಸಾಮಾನು, ಮದುವೆ ಮುಂಜಿಯ ವಿಡಿಯೊ ಎಲ್ಲ ಕಳೆದರೆ ಉಳಿಯುವುದು ಎಷ್ಟು? ರೆಡ್ ಡೆಡ್ ರಿಡೆಂಪ್ಶನ್ 2 ಒಂದೇ 150 ಜಿಬಿ ಕೇಳುತ್ತದೆ. ಫೋರ್ಜಾ ಹೊರೈಜನ್ 5 ಇನ್ನೊಂದು 110. ಎರಡು ಗೇಮಿಗೇ ಮನೆ ತುಂಬಿತು.

ಆದರೆ ನಮ್ಮ ಮನೆಯ ತೊಂದರೆ ಜಾಗದ್ದು ಮಾತ್ರ ಅಲ್ಲ, ನೆಟ್ಟಿನದ್ದು.

ಮನೆ ಇರುವುದು ಕಾಣಿಯೂರಿನಿಂದ ಒಳಗೆ. ನಾನು ಶಾಲೆಗೆ ಹೋಗುವಾಗ ಪುತ್ತೂರು ತಾಲೂಕು, ಈಗ ಕಡಬ. ನಿಂತಿಕಲ್ಲು ಕಡೆಗೆ ಹೋದರೆ ಸುಳ್ಯ. ಮೂರೂ ಕಡೆಯವರು ನಾವು, ಆದರೆ ಸಿಗ್ನಲ್ ಮಾತ್ರ ಯಾವ ಕಡೆಯದ್ದೂ ಸರಿ ಸಿಗುವುದಿಲ್ಲ. 2020ರ ಲಾಕ್‌ಡೌನಿನಲ್ಲಿ ನಾನು ರಬ್ಬರ್ ಗುಡ್ಡೆಯ ತುದಿಯಲ್ಲಿ ಟಾರ್ಪಲ್ ಕಟ್ಟಿ ಸ್ಟ್ಯಾಂಡ್‌ಅಪ್ ಮೀಟಿಂಗ್ ಮಾಡಿದವನು. ಸ್ಟ್ಯಾಂಡ್‌ಅಪ್ ಅಂದರೆ ನಿಜವಾಗಿ ನಿಂತುಕೊಂಡೇ, ಕೂತರೆ ಸಿಗ್ನಲ್ ಹೋಗುತ್ತಿತ್ತು. ಈ ಕಡೆಯ ಎಷ್ಟೋ ಜನರಿಗೆ ಇದು ಗೊತ್ತಿರುವ ಕಥೆಯೇ.

ಆಮೇಲೆ ನಾನು ಬೆಂಗಳೂರಿಗೆ ವಾಪಸ್ ಬಂದೆ. ತಮ್ಮ ಅಲ್ಲೇ ಉಳಿದ. ಬಿಕಾಂ ಮುಗಿಸಿ, ಅಪ್ಪನ ಜೊತೆ ಅಡಿಕೆ ತೋಟ ನೋಡಿಕೊಳ್ಳುತ್ತಾನೆ. ರಾತ್ರಿ ಊಟ ಆದ ಮೇಲೆ ಪುತ್ತೂರಿನಲ್ಲಿ ಜೋಡಿಸಿಕೊಂಡ ಹಳೇ ಡೆಸ್ಕ್‌ಟಾಪಿನಲ್ಲಿ ಒಂದು ಗಂಟೆ ಗೇಮು. ನಿಜ ಹೇಳಬೇಕೆಂದರೆ ನಮ್ಮಿಬ್ಬರ ಮಧ್ಯೆ ಮಾತಿಗೆ ಉಳಿದಿದ್ದ ವಿಷಯವೂ ಅದೊಂದೇ. ನನ್ನ ಕೆಲಸ ಅವನಿಗೆ ಅರ್ಥ ಆಗುವುದಿಲ್ಲ, ಅವನ ಕೆಲಸವನ್ನು ನಾನು ಕೇಳುತ್ತಿರಲಿಲ್ಲ.

100 ಜಿಬಿಯ ಒಂದು ಗೇಮನ್ನು ದಿನಕ್ಕೆ 2 ಜಿಬಿಯ ಮೊಬೈಲ್ ಪ್ಯಾಕಿನಲ್ಲಿ ಇಳಿಸಿದರೆ 50 ದಿನ. ಅಮ್ಮ ಸೀರಿಯಲ್ ನೋಡದಿದ್ದರೆ ಮಾತ್ರ. ನನ್ನ ಬೆಂಗಳೂರಿನ 100 ಎಂಬಿಪಿಎಸ್ ಲೈನಿನಲ್ಲಿ ಎರಡೂಕಾಲು ಗಂಟೆ. ಹಾಗಾಗಿ 1 ಟಿಬಿಯ ಎಕ್ಸ್‌ಟರ್ನಲ್ ಹಾರ್ಡ್‌ಡಿಸ್ಕ್ ತಗೊಂಡೆ. ಇಲ್ಲಿ ಗೇಮು ಇಳಿಸುವುದು, ಬ್ಯಾಗಿಗೆ ಹಾಕಿ ರಾತ್ರಿ ಬಸ್ಸು ಹತ್ತುವುದು, ಬೆಳಿಗ್ಗೆ ಪುತ್ತೂರಿನಲ್ಲಿ ಇಳಿದು ಕಾಣಿಯೂರು ಬಸ್ಸು ಹಿಡಿಯುವುದು. ಮನೆಯಿಂದ ಮನೆಗೆ ಹತ್ತು ಗಂಟೆ ಅಂತ ಇಟ್ಟುಕೊಂಡು 500 ಜಿಬಿ ತುಂಬಿಸಿದರೆ ಬಸ್ಸಿನ ಸ್ಪೀಡು ಸೆಕೆಂಡಿಗೆ 111 ಮೆಗಾಬಿಟ್ ಬೀಳುತ್ತದೆ, ಘಾಟಿಯ ಹೊಂಡಗಳನ್ನೂ ಸೇರಿಸಿ! ಇಂಜಿನಿಯರಿಂಗಿನಲ್ಲಿ ಟನೆನ್‌ಬಾಮ್ ಪುಸ್ತಕ ಓದಿದವರಿಗೆ ಟೇಪು ತುಂಬಿದ ಕಾರಿನ ಲೆಕ್ಕ ನೆನಪಿರಬಹುದು. ಪರೀಕ್ಷೆಗೆ ಓದಿದ್ದು ಒಮ್ಮೆಯಾದರೂ ಉಪಯೋಗಕ್ಕೆ ಬಂತು.

ಮಾಡುವುದು ಸುಲಭ. ಸ್ಟೀಮ್‌ನ ಸೆಟ್ಟಿಂಗ್ಸಿನಲ್ಲಿ ಸ್ಟೋರೇಜ್ ಅಂತ ಉಂಟು. ಅಲ್ಲಿ ಹೊಸ ಡ್ರೈವನ್ನು ಸೇರಿಸಿ. ಈಗಾಗಲೇ ಹಾಕಿದ ಗೇಮನ್ನು ಅದೇ ಜಾಗದಲ್ಲಿ ಟಿಕ್ ಮಾಡಿ 'ಮೂವ್' ಕೊಟ್ಟರೆ ಅದೇ ಸಾಗಿಸುತ್ತದೆ. ಫೋಲ್ಡರನ್ನು ಕೈಯಲ್ಲಿ ಕಟ್ ಪೇಸ್ಟ್ ಮಾಡಲು ಹೋಗಬೇಡಿ, ಆಮೇಲೆ ಸ್ಟೀಮಿಗೆ ಗೇಮ್ ಎಲ್ಲಿದೆ ಅಂತ ಗೊತ್ತಾಗುವುದಿಲ್ಲ. ಇನ್ನೊಂದು ಕಂಪ್ಯೂಟರಿಗೆ ಡ್ರೈವ್ ಸಿಕ್ಕಿಸಿ ಅಲ್ಲಿನ ಸ್ಟೀಮಿಗೂ ಹೀಗೇ ಸೇರಿಸಿದರೆ ಗೇಮು ಅಲ್ಲಿಯೂ ಕಾಣಿಸುತ್ತದೆ, ಚಿಲ್ಲರೆ ಅಪ್ಡೇಟ್ ಮಾತ್ರ ಇಳಿಸಿಕೊಳ್ಳುತ್ತದೆ. ಆದರೆ ಫೈಲು ಇದ್ದ ಮಾತ್ರಕ್ಕೆ ಗೇಮು ನಿಮ್ಮದಾಗುವುದಿಲ್ಲ. ಅಲ್ಲಿನ ಅಕೌಂಟಿನಲ್ಲಿಯೂ ಕೊಂಡಿರಬೇಕು. ತಮ್ಮ ಸೇಲ್ ಬಂದಾಗ ಕೊಳ್ಳುತ್ತಾನೆ, ನಾನು ಫೈಲು ಹೊತ್ತುಕೊಂಡು ಹೋಗುತ್ತೇನೆ, ಅಷ್ಟೆ. ಆಫೀಸ್ ಲ್ಯಾಪ್‌ಟಾಪಿನಲ್ಲಿ ಇದನ್ನೆಲ್ಲ ಮಾಡಬೇಡಿ ಅಂತ ಬೇರೆ ಹೇಳಬೇಕಾ?

ಸ್ಪೀಡಿನ ಬಗ್ಗೆ ಒಂದು ಮಾತು. ಹಾರ್ಡ್‌ಡಿಸ್ಕಿನಿಂದ ಆಡಿದರೆ ಎಫ್‌ಪಿಎಸ್ ಅಷ್ಟೇನೂ ಬೀಳುವುದಿಲ್ಲ. ಲೋಡಿಂಗ್ ಮಾತ್ರ ಚಾ ಕುಡಿದು ಬರುವಷ್ಟು ಹೊತ್ತು. ದೊಡ್ಡ ಬಯಲಿನ ಗೇಮುಗಳಲ್ಲಿ ಕುದುರೆ ಓಡಿದ ಹಾಗೆ ಮರಗಳು ತಡವಾಗಿ ಮೂಡುತ್ತವೆ. ಬಾಲ್ಡರ್ಸ್ ಗೇಟ್ 3ರ ಥರದ್ದು ಎಸ್‌ಎಸ್‌ಡಿಯೇ ಬೇಕು ಅಂತ ಹೇಳಿಯೇ ಮಾರುತ್ತಾರೆ. ಅಂಥದ್ದಕ್ಕೆ ಎಕ್ಸ್‌ಟರ್ನಲ್ ಎಸ್‌ಎಸ್‌ಡಿ ತಗೊಳ್ಳಿ, ಇಲ್ಲವೇ ಹಾರ್ಡ್‌ಡಿಸ್ಕನ್ನು ಗೋಡೌನ್ ಮಾಡಿಕೊಂಡು ಆಡುವ ಗೇಮನ್ನು ಮಾತ್ರ ಒಳಗೆ ತನ್ನಿ. ಹೆಚ್ಚಿನ ಕಂಪ್ಯೂಟರುಗಳಲ್ಲಿ ನೀಲಿ ಯುಎಸ್‌ಬಿ ಪೋರ್ಟು ಅಂದರೆ 3.0. ಅದರಲ್ಲಿ 100 ಜಿಬಿ ಸಾಗಲು ಹಾರ್ಡ್‌ಡಿಸ್ಕಿಗೆ ಕಾಲು ಗಂಟೆಯಿಂದ ಅರ್ಧ ಗಂಟೆ ಸಾಕು. ತಮ್ಮನ ಡೆಸ್ಕ್‌ಟಾಪಿನ ಮುಂದಿನ ಕಪ್ಪು ಪೋರ್ಟಿನಲ್ಲಿ ಮುಕ್ಕಾಲು ಗಂಟೆ ದಾಟುತ್ತದೆ. ಮೊದಲ ಸಲ ಅದಕ್ಕೇ ಸಿಕ್ಕಿಸಿ, ಡ್ರೈವೇ ಹಾಳು ಅಂತ ಬೈದದ್ದುಂಟು.

ಇನ್ನು ಫಾರ್ಮ್ಯಾಟ್. ನಿಧಾನ ಓದಿ, ನನ್ನ ತಪ್ಪು ಇರುವುದು ಇಲ್ಲಿ.

ಡ್ರೈವು ಎಕ್ಸ್‌ಫ್ಯಾಟ್ ಆಗಿದ್ದರೆ ಟಿವಿಗೂ ಆಗುತ್ತದೆ, ಮ್ಯಾಕಿಗೂ ಆಗುತ್ತದೆ. ಆದರೆ ಬರೆಯುತ್ತಿರುವಾಗ ಕರೆಂಟು ಹೋದರೆ ಅದಕ್ಕೆ ಸುಧಾರಿಸಿಕೊಳ್ಳುವುದು ಕಷ್ಟ. ಎನ್‌ಟಿಎಫ್‌ಎಸ್ ತಾನು ಮಾಡಲಿರುವುದನ್ನು ಮೊದಲೇ ಒಂದು ಕಡೆ ಬರೆದಿಟ್ಟುಕೊಳ್ಳುವುದರಿಂದ ಅಷ್ಟು ಸುಲಭಕ್ಕೆ ಕೆಡುವುದಿಲ್ಲ. ವಿಂಡೋಸಿನಲ್ಲಿ ಗೇಮಿಗೆ ಅದೇ ವಾಸಿ. ನಮ್ಮ ಕಡೆ ಏಪ್ರಿಲ್ ಬಂತೆಂದರೆ ಸಂಜೆ ಗುಡುಗು ಸಿಡಿಲು, ಕರೆಂಟು ಯಾವಾಗ ಹೋಗುತ್ತದೆ ಅಂತ ಹೇಳುವಂತಿಲ್ಲ. ಲ್ಯಾಪ್‌ಟಾಪಿಗಾದರೆ ಬ್ಯಾಟರಿ ಉಂಟು. ತಮ್ಮನ ಡೆಸ್ಕ್‌ಟಾಪಿನ ಯುಪಿಎಸ್ ಬ್ಯಾಟರಿ ಸತ್ತು ವರ್ಷ ಆಗಿತ್ತು. 2023ರ ಬಿಸುವಿಗೆ ನಾನು ಊರಿಗೆ ಹೋಗಿದ್ದಾಗ ಗೇಮು ಸಾಗಿಸುವ ನಡುವೆ ಕರೆಂಟು ಹೋಯಿತು. ಡ್ರೈವು ಎರರ್ ತೋರಿಸತೊಡಗಿತು. ರಿಪೇರಿ ಮಾಡಿದೆ, ಸರಿಯಾಯಿತು. ಬೆಂಗಳೂರಿಗೆ ಹೋಗಿ ಎನ್‌ಟಿಎಫ್‌ಎಸ್ ಮಾಡಿದರಾಯಿತು ಅಂತ ವಾಪಸ್ ತಂದೆ.

ತಂದವನೇ ಫಾರ್ಮ್ಯಾಟ್ ಕೊಟ್ಟೆ. ಎಲ್ಲ ಡೇಟಾ ಹೋಗುತ್ತದೆ ಅಂತ ವಿಂಡೋಸ್ ಎಚ್ಚರಿಸಿತು. ಗೊತ್ತುಂಟು ಮಾರಾಯ ಅಂತ ಓಕೆ ಒತ್ತಿದೆ. ಇದ್ದದ್ದು ಗೇಮುಗಳು ತಾನೆ, ಮತ್ತೆ ಇಳಿಸಿದರಾಯಿತು. ಇಳಿಸಿಯೂ ಆಯಿತು, ಒಂದು ವಾರದಲ್ಲಿ 400 ಜಿಬಿ.

ಮೇ ಕೊನೆಗೆ ತಮ್ಮನ ಫೋನ್. "ಅಣ್ಣ, ಡ್ರೈವಿನಲ್ಲಿ 'ತೋಟ' ಅಂತ ಒಂದು ಫೋಲ್ಡರ್ ಉಂಟಲ್ಲ, ಅದನ್ನು ವಾಟ್ಸಾಪಿಗೆ ಹಾಕ್ತೀಯಾ? ಹೋದ ವರ್ಷ ಮೊದಲ ಮದ್ದು ಯಾವಾಗ ಬಿಟ್ಟದ್ದು ಅಂತ ನೋಡ್ಲಿಕ್ಕುಂಟು."

ನೋಡಿ ಹೇಳ್ತೇನೆ ಅಂದೆ. ನೋಡಲಿಕ್ಕೆ ಎಂತ ಇತ್ತು?

ಆಗಿದ್ದು ಇಷ್ಟು. ಬಿಸುವಿನ ಸಮಯದಲ್ಲಿ ನಾನೇ ಅವನಿಗೆ ಹೇಳಿದ್ದೆ, ನಿನ್ನ ಡಿಸ್ಕಿನಲ್ಲಿ ಜಾಗ ಇಲ್ಲ, ಗೇಮು ಒಳಗೆ ಬರಬೇಕಾದರೆ ಬೇಡದ್ದನ್ನೆಲ್ಲ ಎಕ್ಸ್‌ಟರ್ನಲಿಗೆ ಸಾಗಿಸು ಅಂತ. ಅವನು ಬೇಡದ್ದನ್ನು ಡಿಲೀಟ್ ಮಾಡಿದ್ದ. ಬೇಕಾದ್ದನ್ನು ಅಣ್ಣನ ಡ್ರೈವಿನಲ್ಲಿ ಸೇಫ್ ಅಂತ ಅಲ್ಲಿ ಇಟ್ಟಿದ್ದ. ಮೂರು ವರ್ಷದ ಎಕ್ಸೆಲ್ ಲೆಕ್ಕ: ಬೋರ್ಡೋ ಬಿಟ್ಟ ತಾರೀಕು, ಯಾವ ಭಾಗಕ್ಕೆ ಎಷ್ಟು ಬ್ಯಾರೆಲ್, ಮದ್ದು ಬಿಡುವವರ ಸಂಬಳ, ಅಡಿಕೆ ಕೊಟ್ಟ ದಿನದ ರೇಟು. ಮತ್ತೆ ಎಲೆಚುಕ್ಕಿ ರೋಗ ಬಂದ ಮರಗಳ ಫೋಟೊ. ರೋಗ ತೋಟದಲ್ಲಿ ಯಾವ ಕಡೆಯಿಂದ ಯಾವ ಕಡೆಗೆ ಹೋಗುತ್ತಿದೆ ಅಂತ ಅವನು ತಿಂಗಳು ತಿಂಗಳು ಅದೇ ಮರಗಳ ಫೋಟೊ ತೆಗೆದಿಟ್ಟಿದ್ದ. ನಮ್ಮಲ್ಲಿ ಕೊಳೆರೋಗಕ್ಕೆ ಮಳೆ ಹಿಡಿಯುವ ಮೊದಲು ಒಂದು ಸಲ, ಸುಮಾರು ನಲವತ್ತು ನಲವತ್ತೈದು ದಿನ ಬಿಟ್ಟು ಇನ್ನೊಂದು ಸಲ ಮದ್ದು ಬಿಡಬೇಕು. ತಾರೀಕು ತಪ್ಪಿದರೆ ಹಸಿ ಅಡಿಕೆ ಬುಡಕ್ಕೆ ಬೀಳುತ್ತದೆ.

ಮೂರು ರಾತ್ರಿ ಕೂತೆ. ಕ್ವಿಕ್ ಫಾರ್ಮ್ಯಾಟ್ ಮಾಡಿದರೆ ಹಾರ್ಡ್‌ಡಿಸ್ಕಿನಲ್ಲಿ ಡೇಟಾ ಕೂಡಲೇ ಅಳಿಯುವುದಿಲ್ಲ, ಅದರ ಪಟ್ಟಿ ಮಾತ್ರ ಹೋಗುತ್ತದೆ. ಆದರೆ ಮೇಲಿಂದ ನಾನು 400 ಜಿಬಿ ಬರೆದಿದ್ದೆನಲ್ಲ. ಫೋಟೊರೆಕ್ ಅಂತ ಒಂದು ಉಚಿತ ಸಾಫ್ಟ್‌ವೇರ್ ಉಂಟು. ಅದು ಡಿಸ್ಕಿನ ಮೂಲೆ ಮೂಲೆ ಹುಡುಕಿ ಫೋಟೊದ ಹಾಗೆ ಕಾಣುವುದನ್ನು ಹೆಕ್ಕಿ ಕೊಡುತ್ತದೆ. ಫೋಟೊ ಮುಕ್ಕಾಲು ಪಾಲು ಸಿಕ್ಕಿತು, ಹೆಸರಿಲ್ಲದೆ, ಬರೀ ನಂಬರಿನಲ್ಲಿ. ಪುಣ್ಯಕ್ಕೆ ತೆಗೆದ ತಾರೀಕು ಫೋಟೊದ ಒಳಗೇ ಇರುತ್ತದೆ. ಎಕ್ಸೆಲ್ ಮೂರರಲ್ಲಿ ಒಂದು ತೆರೆಯಿತು, ಅದೂ ಎಲ್ಲಕ್ಕಿಂತ ಹಳೆಯದ್ದು. ಮೂರೂ ಸೇರಿ 200 ಕೆಬಿ ಇರಲಿಲ್ಲ. ನಮ್ಮ ಮನೆಯ ಆ ನೆಟ್ಟಿನಲ್ಲಿಯೂ ಒಂದು ಮೇಲ್ ಕಳಿಸಿದ್ದರೆ ಹೋಗುತ್ತಿತ್ತು.

ಫೋನ್ ಮಾಡಿ ಹೇಳಿದೆ. ಬೈಯುತ್ತಾನೆ ಅಂತ ಕಾದೆ.

"ಆಯ್ತು ಬಿಡು. ಈ ಸಲ ಅಂದಾಜಿನಲ್ಲಿ ಬಿಡುವ" ಅಂದ. ಆಮೇಲೆ ಎರಡು ತಿಂಗಳು ಸ್ಟೀಮಿನಲ್ಲಿ ಅವನ ಹೆಸರಿನ ಪಕ್ಕ ಹಸಿರು ಕಾಣಲಿಲ್ಲ. ಮಳೆಗಾಲ, ತೋಟದ ಕೆಲಸ ಅಂತ ಅಮ್ಮ ಹೇಳಿದರು. ಇರಬಹುದು.

ಚೌತಿಗೆ ಹೋಗುವಾಗ ಹೊಸ ಡ್ರೈವೊಂದು ಮತ್ತೆ ಯುಪಿಎಸ್ ಬ್ಯಾಟರಿ ಹಿಡಿದುಕೊಂಡು ಹೋದೆ. ಅವನು ಅಷ್ಟರಲ್ಲಿ ಮೈಲುತುತ್ತಿನ ಬಿಲ್ಲುಗಳನ್ನೆಲ್ಲ ಹುಡುಕಿ, ಅಪ್ಪನ ಕ್ಯಾಲೆಂಡರಿನ ಗೀಚು ಗುರುತುಗಳನ್ನು ನೋಡಿ, ಒಂದು ದಪ್ಪ ನೋಟ್‌ಬುಕ್ಕಿನಲ್ಲಿ ಹಳೇ ಲೆಕ್ಕವನ್ನು ಪುನಃ ಬರೆದಿದ್ದ. ಇದನ್ನು ಗೂಗಲ್ ಡ್ರೈವಿಗೆ ಹಾಕುವ, ನಾನೇ ಟೈಪ್ ಮಾಡಿ ಕೊಡ್ತೇನೆ ಅಂದೆ. "ಹಾಕು. ಆದ್ರೆ ಪುಸ್ತಕ ನನ್ನ ಹತ್ರವೇ ಇರ್ಲಿ. ಅದನ್ನು ಫಾರ್ಮ್ಯಾಟ್ ಮಾಡ್ಲಿಕ್ಕೆ ನಿಂಗೆ ಬರುದಿಲ್ಲ" ಅಂದ. ಅಮ್ಮ ಒಳಗಿನಿಂದ ನಕ್ಕರು.

ಆ ಎರಡು ದಿನ ಕೂತು ಟೈಪ್ ಮಾಡಿದೆ. ಮೇಲಿನ ತೋಟದಲ್ಲಿ ಎಷ್ಟು ಮರ, ಕೆಳಗಿನದ್ದಕ್ಕೆ ಮದ್ದು ಯಾಕೆ ಮೊದಲು, ಎಲ್ಲ ಕೇಳುತ್ತಾ ಕೇಳುತ್ತಾ. ಮೂವತ್ತು ವರ್ಷ ಆ ಮನೆಯವನಾಗಿ ನನಗೆ ಗೊತ್ತಿಲ್ಲದ್ದು ಬಹಳ ಇತ್ತು.

ಈಗ ಎರಡು ಡ್ರೈವು. ಒಂದಕ್ಕೆ ಅವನು ಬಿಳಿ ಟೇಪು ಅಂಟಿಸಿ ಮಾರ್ಕರಿನಲ್ಲಿ 'ಆಟ' ಅಂತ ಬರೆದಿದ್ದಾನೆ, ಇನ್ನೊಂದಕ್ಕೆ 'ತೋಟ'. ಬಸ್ಸು ಹತ್ತುವುದು ಆಟ ಮಾತ್ರ. ತೋಟದ್ದು ಮಳೆಗಾಲದ ತೇವಕ್ಕೆ ಹಾಳಾಗಬಾರದು ಅಂತ ಸಿಲಿಕಾ ಜೆಲ್ ಪೊಟ್ಟಣದ ಜೊತೆ ಸ್ಟೀಲ್ ಡಬ್ಬಿಯಲ್ಲಿ ಉಂಟು. ಅದರ ಇನ್ನೊಂದು ಕಾಪಿ ಗೂಗಲ್ ಡ್ರೈವಿನಲ್ಲಿ. ಇನ್ನೊಂದು ವಿಷಯ, ಗೇಮನ್ನು ಎಕ್ಸ್‌ಟರ್ನಲಿಗೆ ಹಾಕಿದರೂ ಎಷ್ಟೋ ಗೇಮುಗಳ ಸೇವ್ ಫೈಲು ಸಿ ಡ್ರೈವಿನ ಡಾಕ್ಯುಮೆಂಟ್ಸಿನಲ್ಲಿಯೇ ಇರುತ್ತದೆ. ಕ್ಲೀನ್ ಮಾಡುವ ಉತ್ಸಾಹದಲ್ಲಿ ಅದಕ್ಕೆ ಕೈ ಹಾಕಬೇಡಿ.

ತಮ್ಮ ಈಗ ರೆಡ್ ಡೆಡ್‌ನ ಕೊನೆಯ ಭಾಗಕ್ಕೆ ಬಂದಿದ್ದಾನೆ. ಅಲ್ಲಿ ಕಥಾನಾಯಕ ಬಂದೂಕು ಬದಿಗಿಟ್ಟು ಒಂದು ಜಮೀನಿನಲ್ಲಿ ಕೆಲಸಕ್ಕೆ ಸೇರಿ ಸೆಗಣಿ ಬಾಚುತ್ತಾನೆ, ಹಾಲು ಕರೆಯುತ್ತಾನೆ. "ಹಗಲಿಗೂ ಇದೇ, ರಾತ್ರಿಗೂ ಇದೇ. ಇದಕ್ಕೆ 150 ಜಿಬಿ ಬೇಕಿತ್ತಾ?" ಅಂತ ನಿನ್ನೆ ರಾತ್ರಿ ಮೆಸೇಜ್ ಬಂತು. ಮುಂದಿನ ಸಲ ಬರುವಾಗ ಫೋರ್ಜಾ ತರಬೇಕಂತೆ. ಡೌನ್‌ಲೋಡಿಗೆ ಹಾಕಿದ್ದೇನೆ.